ಭಿನ್ನರಾಶಿ ಕಳೆಯುವ ಹಳೆಯ ದಾರಿ

ಪ್ರತಿ ವರ್ಷ ನನ್ನ ತರಗತಿಯಲ್ಲಿ ಒಂದೇ ತಪ್ಪನ್ನು ತಿದ್ದುತ್ತೇನೆ. 5⅓ರಿಂದ 2¾ ಕಳೆಯಿರಿ ಎಂದರೆ, ಎರಡೂ ಛೇದಗಳನ್ನು 12 ಮಾಡುವವರೆಗೆ ಮಕ್ಕಳು ಸರಿಯಾಗಿಯೇ ಬರುತ್ತಾರೆ. ಆದರೆ ಹನ್ನೆರಡರ 4 ಭಾಗದಲ್ಲಿ 9 ಭಾಗ ಹೋಗುವುದಿಲ್ಲ. ಆಗ ಅರ್ಧ ತರಗತಿ 9ರಲ್ಲೇ 4 ಕಳೆದು, 3 ಪೂರ್ಣ 5/12 ಎಂದು ಬರೆದು ಸುಮ್ಮನಾಗುತ್ತದೆ.

ಈ ಲೆಕ್ಕ ಪಠ್ಯಪುಸ್ತಕದವರು ಮಕ್ಕಳನ್ನು ಕಾಡಲೆಂದು ಹುಟ್ಟಿಸಿದ್ದಲ್ಲ. ಬಾದಾಮಿ ಚಾಲುಕ್ಯರ ನಂತರ ಈ ನಾಡನ್ನಾಳಿದ ರಾಷ್ಟ್ರಕೂಟರಲ್ಲಿ ಅಮೋಘವರ್ಷ ನೃಪತುಂಗ (814–878) ಪ್ರಸಿದ್ಧ. ಅವನ ಆಸ್ಥಾನದಲ್ಲಿ ಹುಟ್ಟಿದ 'ಕವಿರಾಜಮಾರ್ಗ' ಕನ್ನಡದ ತಿರುಳಿನ ಸೀಮೆಯನ್ನು ಹೇಳುವಾಗ ಕಿಸುವೊಳಲನ್ನು, ಅಂದರೆ ಬಾದಾಮಿ ತಾಲ್ಲೂಕಿನ ಪಟ್ಟದಕಲ್ಲನ್ನು, ಹೆಸರಿಸುತ್ತದೆ. ಅದೇ ಅರಸನನ್ನು ಹೊಗಳಿ, ಸುಮಾರು 850ರಲ್ಲಿ, ಜೈನ ಗಣಿತಜ್ಞ ಮಹಾವೀರಾಚಾರ್ಯರು ಸಂಸ್ಕೃತದಲ್ಲಿ 'ಗಣಿತಸಾರಸಂಗ್ರಹ' ಬರೆದರು.

ಅದರ ಭಿನ್ನರಾಶಿಯ ಅಧ್ಯಾಯದ ಹೆಸರು 'ಕಲಾಸವರ್ಣ'. ಕಲೆ ಎಂದರೆ ಭಾಗ, ಸವರ್ಣ ಎಂದರೆ ಒಂದೇ ಬಣ್ಣದ್ದು. ಬೇರೆ ಬೇರೆ ಬಣ್ಣದ ತುಂಡುಗಳನ್ನು ಒಂದೇ ಬಣ್ಣಕ್ಕೆ ತಂದ ಮೇಲೆಯೇ ಕೂಡುವುದು, ಕಳೆಯುವುದು. ಛೇದಗಳನ್ನು ಸುಮ್ಮನೆ ಗುಣಿಸಿದರೂ ಬಣ್ಣ ಒಂದಾಗುತ್ತದೆ, ಆದರೆ ಲೆಕ್ಕ ಬೆಳೆಯುತ್ತದೆ: 4 ಮತ್ತು 6ಕ್ಕೆ 24. ಮಹಾವೀರಾಚಾರ್ಯರು 12 ಸಾಕು ಎಂದರು. ಇದಕ್ಕೆ ಅವರಿಟ್ಟ ಹೆಸರು 'ನಿರುದ್ಧ', ಇಂದಿನ ಲ.ಸಾ.ಅ. ಛೇದ ಸಮ ಮಾಡಲು ಲ.ಸಾ.ಅ. ಬಳಸುವ ನಿಯಮ ಭಾರತದ ಗಣಿತ ಗ್ರಂಥಗಳಲ್ಲಿ ಮೊದಲು ಕಾಣುವುದು ಇಲ್ಲಿಯೇ. ಆಗ ಅಂಶವನ್ನು ಮೇಲೆ, ಛೇದವನ್ನು ಕೆಳಗೆ ಬರೆಯುತ್ತಿದ್ದರು, ನಡುವೆ ಗೆರೆ ಇರಲಿಲ್ಲ. ಆ ಗೆರೆ 12ನೆಯ ಶತಮಾನದಲ್ಲಿ ಮಗ್ರಿಬಿನ ಅಲ್-ಹಸ್ಸಾರ್ ಅವರ ಅರಬ್ಬೀ ಗ್ರಂಥದಲ್ಲಿ ಕಾಣುತ್ತದೆ.

ಮಿಶ್ರ ಭಿನ್ನರಾಶಿಯಲ್ಲೂ ಅವರು ಎರಡು ಜಾತಿ ಮಾಡಿದ್ದಾರೆ. ಪೂರ್ಣಕ್ಕೆ ಭಾಗ ಕೂಡಿದರೆ 'ಭಾಗಾನುಬಂಧ', ಪೂರ್ಣದಿಂದ ಭಾಗ ಕಳೆದರೆ 'ಭಾಗಾಪವಾಹ'. ಇದನ್ನು ಓದಿದಾಗ ನನಗೆ ನೆನಪಾದದ್ದು ನಮ್ಮ ಮನೆಮಾತು. 2¾ಕ್ಕೆ ಕನ್ನಡದಲ್ಲಿ 'ಎರಡೂ ಮುಕ್ಕಾಲು', ಉರ್ದುವಿನಲ್ಲಿ 'ಪೌನೆ ತೀನ್', ಅಂದರೆ ಮೂರಕ್ಕೆ ಕಾಲು ಕಡಿಮೆ. ಕನ್ನಡ ಕೂಡಿ ಹೇಳುತ್ತದೆ, ಉರ್ದು ಕಳೆದು ಹೇಳುತ್ತದೆ. ಬಾಗಲಕೋಟೆಯ ಸಂತೆಯಲ್ಲಿ ಎರಡೂ ಕಿವಿಗೆ ಬೀಳುತ್ತವೆ.

ಹಿಂದಿನವರಿಗೆ ಲ.ಸಾ.ಅ.ದ ಅರ್ಧ ಕೆಲಸವನ್ನು ನಾಣ್ಯವೇ ಮಾಡಿಕೊಡುತ್ತಿತ್ತು. 12 ಪೈಗೆ ಒಂದಾಣೆ, 16 ಆಣೆಗೆ ಒಂದು ರೂಪಾಯಿ, ಒಟ್ಟು 192 ಪೈ. ಇದರಲ್ಲಿ ಅರ್ಧ, ಮೂರನೇ ಒಂದು, ಕಾಲು, ಆರನೇ ಒಂದು, ಎಂಟನೇ ಒಂದು ಎಲ್ಲವೂ ಶೇಷವಿಲ್ಲದೆ ಸಿಗುತ್ತವೆ. 1957ರ ಏಪ್ರಿಲ್ 1ರಂದು ರೂಪಾಯಿಗೆ 100 ಪೈಸೆಯಾಯಿತು. ದಶಮಾಂಶಕ್ಕೆ ಅನುಕೂಲವೇ, ಆದರೆ 100ರಲ್ಲಿ ಮೂರು ಸಮಪಾಲು ಆಗದು. ಸವರ್ಣ ಮಾಡುವ ರೂಢಿ ಕೈಯಿಂದ ಜಾರಿ ಪುಸ್ತಕಕ್ಕೆ ಸೇರಿತು ಎಂಬುದು ನನ್ನ ಅನಿಸಿಕೆ.

ಆದ್ದರಿಂದ ಈಗ ಮೊದಲು ಆಣೆ ಲೆಕ್ಕ ಹೇಳುತ್ತೇನೆ. ಇಳಕಲ್ಲಿನ ಅಂಗಡಿಗೆ ಹೋಗುವಾಗ ಅಜ್ಜಿಯ ಸೆರಗಿನ ಗಂಟಿನಲ್ಲಿ 5 ರೂಪಾಯಿ 5 ಆಣೆ 4 ಪೈ ಇದೆ, ಅಂದರೆ 5⅓. ಕುಪ್ಪಸದ ಖಣಕ್ಕೆ 2 ರೂಪಾಯಿ 12 ಆಣೆ ಕೊಡಬೇಕು, ಅಂದರೆ 2¾. 5 ಆಣೆಯಲ್ಲಿ 12 ಹೋಗದು. ಅಜ್ಜಿ ಏನು ಮಾಡಬೇಕು? "ಒಂದು ರೂಪಾಯಿ ಮುರಿಸಬೇಕ್ರಿ ಸರ್!" ಎಂದು ಹಿಂದಿನ ಬೆಂಚಿನಿಂದಲೇ ಉತ್ತರ ಬರುತ್ತದೆ. ಸಂಸ್ಕೃತದ 'ಭಿನ್ನ', ಅರಬ್ಬಿಯಿಂದ ಉರ್ದುವಿಗೆ ಬಂದ 'ಕಸರ್', ಎರಡಕ್ಕೂ ಮುರಿದದ್ದು ಎಂದೇ ಅರ್ಥ. ಮುರಿಸಿದ ಮೇಲೆ 4 ರೂಪಾಯಿ 21 ಆಣೆ 4 ಪೈ. ಖಣದ ಹಣ ಕೊಟ್ಟು ಉಳಿಯುವುದು 2 ರೂಪಾಯಿ 9 ಆಣೆ 4 ಪೈ. ಕರಿಹಲಗೆಯ ಮೇಲೆ ಅದೇ 4 ಪೂರ್ಣ 16/12ರಿಂದ 2 ಪೂರ್ಣ 9/12 ಕಳೆದರೆ 2 ಪೂರ್ಣ 7/12.