ಕಮಾಲ್ಡೊಲಿ: ಅರಣ್ಯವೇ ಪ್ರಾಕಾರವಾದ ಆಶ್ರಮ

ಮಧ್ಯಯುಗದ ಕ್ಯಾಥೊಲಿಕ್ ಸಂನ್ಯಾಸಜೀವನವನ್ನು ಬೃಹತ್ ಮಠಗಳ ಮೂಲಕವೇ ಅರಿಯುವುದು ವಾಡಿಕೆ. ಏಕಾಂತವಾಸದ ಧಾರೆಗೆ ಇಟಲಿಯ ಟಸ್ಕನಿ ಪ್ರಾಂತದ ಕಮಾಲ್ಡೊಲಿ ಉತ್ತಮ ನಿದರ್ಶನ. ಹನ್ನೊಂದನೆಯ ಶತಮಾನದ ಆರಂಭದಲ್ಲಿ ಸಂತ ರೊಮುವಾಲ್ಡನು ಅಪೆನ್ನೈನ್ ಪರ್ವತದ ಕಾಡಿನಲ್ಲಿ, ಸುಮಾರು 1,100 ಮೀಟರ್ ಎತ್ತರದಲ್ಲಿ, ಇದನ್ನು ಸ್ಥಾಪಿಸಿದನು. ಅರೆಟ್ಸೊ ನಗರದ ಬಿಷಪ್ಪನು 1027ರಲ್ಲಿ ನೀಡಿದ ದಾನಪತ್ರದಲ್ಲಿ ಐದು ಕುಟೀರಗಳೂ ಒಂದು ಚರ್ಚೂ ಉಲ್ಲೇಖಗೊಂಡಿವೆ.

ಇಲ್ಲಿನ ಒಂದೊಂದು ಕುಟೀರವೂ ಗೋಡೆ ಸುತ್ತಿದ ಕೈದೋಟವುಳ್ಳ ಪ್ರತ್ಯೇಕ ಮನೆ. ಒಳಗಿನ ಹಾದಿಯು ಬಸವನಹುಳುವಿನ ಚಿಪ್ಪಿನಂತೆ ವಾಸದ ಕೋಣೆಯನ್ನು ಬಳಸಿಕೊಂಡು ಚಳಿಯನ್ನು ತಡೆಯುತ್ತದೆ. ಶಯನ, ಅಧ್ಯಯನ, ಪ್ರಾರ್ಥನೆಗಳ ಎಡೆಗಳೆಲ್ಲ ಒಂದೇ ಸೂರಿನಡಿ ಇವೆ. ಸುಮಾರು ಮೂರು ಕಿಲೋಮೀಟರ್ ಕೆಳಗಿದ್ದ ಮಠವು ಅತಿಥಿಗಳ ಹಾಗೂ ರೋಗಿಗಳ ಹೊಣೆ ಹೊತ್ತು ಮೇಲಿನವರ ಏಕಾಂತವನ್ನು ಕಾಯಿತು.

ಈ ವಿನ್ಯಾಸದ ಹೊರ ಆವರಣವೆಂದರೆ ಕಾಡು. 1520ರಲ್ಲಿ ಮುದ್ರಿತವಾದ ನಿಯಮಗ್ರಂಥವು ಫರ್ ಮರಗಳನ್ನು ಉಳಿಸುವುದನ್ನೂ ಹೊಸದಾಗಿ ನೆಡುವುದನ್ನೂ ಆಶ್ರಮವಾಸಿಗಳ ಕರ್ತವ್ಯವೆಂದು ವಿಧಿಸಿತು. 1866ರ ಕಾನೂನಿನಿಂದ ಅರಣ್ಯವು ಇಟಲಿ ಸರ್ಕಾರದ ವಶವಾಯಿತು. 1993ರಲ್ಲಿ ಅಲ್ಲಿ ರಾಷ್ಟ್ರೀಯ ಉದ್ಯಾನ ರೂಪುಗೊಂಡಿತು. ಸಂನ್ಯಾಸಿಗಳು ಇಂದಿಗೂ ಅಲ್ಲಿದ್ದಾರೆ, ಮರಗಳ ಹೊಣೆ ಮಾತ್ರ ಅವರದಲ್ಲ. ಆದ್ದರಿಂದ ಕಟ್ಟಡಗಳನ್ನಷ್ಟೇ ಅಳೆಯುವ ಅಧ್ಯಯನವು ಈ ಆಶ್ರಮದ ಅರ್ಧ ಚರಿತ್ರೆಯನ್ನು ಮಾತ್ರ ಹೇಳಬಲ್ಲದು.