‘ಚೆಲುವಿ’ಯ ಎಲೆ ಮತ್ತು ಹೂ: ಮನೆಪ್ರತಿಗಳ ಚಿತ್ರಗುಣ ಕುರಿತು ಒಂದು ಟಿಪ್ಪಣಿ

ಮುಳಗುಂದದ ಕವಿ ನಯಸೇನನ ‘ಧರ್ಮಾಮೃತ’ವನ್ನು ಸಂಪಾದಿಸುವವರು ಲಿಪಿಕಾರನ ತಪ್ಪನ್ನು ಕವಿಯ ತಲೆಗೆ ಕಟ್ಟುವುದಿಲ್ಲ; ಪ್ರತಿಗಳನ್ನು ಹೋಲಿಸಿ ಪಾಠಾಂತರ ಗುರುತಿಸುತ್ತಾರೆ. ಸಿನಿಮಾ ಕುರಿತು ಬರೆಯುವಾಗ ಈ ಎಚ್ಚರ ನಮ್ಮಲ್ಲಿ ಕಡಿಮೆ; ಪ್ರತಿಯ ದೋಷವನ್ನು ಚಿತ್ರದ ದೋಷವೆಂದೇ ಎಣಿಸುತ್ತೇವೆ.

ಗಿರೀಶ ಕಾರ್ನಾಡರ ‘ಚೆಲುವಿ’ (1992) ಹಿಂದಿ ಚಿತ್ರ. ಕಥೆ ಮಾತ್ರ ಕನ್ನಡದ್ದು. ಎ. ಕೆ. ರಾಮಾನುಜನ್ ಸಂಗ್ರಹಿಸಿದ ಈ ಅಜ್ಜಿಕಥೆಯಲ್ಲಿ ಒಂದು ಕೊಡ ನೀರು ಸುರಿದರೆ ಹುಡುಗಿ ಹೂಮರವಾಗುತ್ತಾಳೆ, ಇನ್ನೊಂದು ಕೊಡ ಸುರಿದರೆ ಮತ್ತೆ ಹುಡುಗಿಯಾಗುತ್ತಾಳೆ. ಕೊಂಬೆ ಮುರಿದರೆ ಅವಳ ಕೈಕಾಲೇ ಮುರಿದಂತೆ. ಹಾಗಾಗಿ ರಾಜೀವ್ ಮೆನನ್ ಅವರ ಛಾಯಾಗ್ರಹಣದಲ್ಲಿ ಎಲೆ, ಹೂ, ರೆಂಬೆಗಳು ಬರಿಯ ಹಿನ್ನೆಲೆಯಲ್ಲ, ನಾಯಕಿಯ ಮೈಯೇ.

ಮನೆಪ್ರತಿಗಳಲ್ಲಿ, ಅಂದರೆ ಮನೆಯಲ್ಲಿ ನೋಡುವ ಟೇಪು, ಡಿಸ್ಕುಗಳಲ್ಲಿ, ಮೊದಲು ಹಾಳಾಗುವುದೂ ಇವೇ. ವಿಎಚ್‌ಎಸ್ ಟೇಪು ಅಡ್ಡಕ್ಕೆ ಸುಮಾರು 240 ಗೆರೆಗಳಷ್ಟೇ ವಿವರ ಹಿಡಿಯುತ್ತದೆ. ಬಣ್ಣದ ವಿವರ ಅದಕ್ಕಿಂತ ತೀರ ಕಡಿಮೆ. ಹೂವಿನ ಬಣ್ಣ ಅಂಚು ದಾಟಿ ಎಲೆಯ ಮೇಲೆ ಹರಡುತ್ತದೆ. ವಿಸಿಡಿಯ ಚೌಕಟ್ಟು 352×288 ಬಿಂದುಗಳದು. ಬಣ್ಣಕ್ಕೆ 176×144 ಮಾತ್ರ. ಅದು ಚಿತ್ರವನ್ನು 8×8 ಬಿಂದುಗಳ ಚೌಕಗಳಾಗಿ ಒಡೆದು ಅಡಕಿಸುತ್ತದೆ. ಗೋಡೆ, ಆಕಾಶ ಇದನ್ನು ತಾಳಿಕೊಳ್ಳುತ್ತವೆ. ಗಾಳಿಗೆ ಅಲ್ಲಾಡುವ ಸಾವಿರ ಎಲೆಗಳಿಗೆ ಸೆಕೆಂಡಿಗೆ 1.15 ಮೆಗಾಬಿಟ್ ಸಾಲದು. ಮರವಿದ್ದಲ್ಲಿ ಹಸಿರು ಚೌಕಗಳು ಕುಣಿಯುತ್ತವೆ. 720×576 ಬಿಂದುಗಳ ಡಿವಿಡಿಯಲ್ಲಿ ವಿವರ ನಾಲ್ಕು ಪಟ್ಟು ಹೆಚ್ಚು. ಆದರೆ ಹಳೆಯ ಟೇಪಿನಿಂದಲೇ ಡಿವಿಡಿ ಮಾಡಿದ್ದರೆ ಆ ಲಾಭವೂ ಇಲ್ಲ.

ಕಾಲದಲ್ಲೂ ವ್ಯತ್ಯಾಸವಿದೆ. ಸೆಕೆಂಡಿಗೆ 24 ಚೌಕಟ್ಟುಗಳ ಚಿತ್ರವನ್ನು ನಮ್ಮ ಟಿವಿ ಪದ್ಧತಿಯಲ್ಲಿ 25ರಂತೆ ಓಡಿಸಿದರೆ 100 ನಿಮಿಷದ್ದು 96ಕ್ಕೆ ಮುಗಿಯುತ್ತದೆ. ಅವಧಿ ಕಡಿಮೆಯಾದ ಮಾತ್ರಕ್ಕೆ ದೃಶ್ಯಕ್ಕೆ ಕತ್ತರಿ ಬಿದ್ದಿದೆ ಎನ್ನಲಾಗದು.

ಆದ್ದರಿಂದ ‘ಚೆಲುವಿ’ಯ ಹಸಿರು ಮಂಕು, ರೂಪಾಂತರದ ದೃಶ್ಯ ಅಸ್ಪಷ್ಟ ಎಂಬ ತೀರ್ಮಾನಗಳಿಗೆ ಟೇಪು, ಡಿಸ್ಕುಗಳು ಆಧಾರವಾಗಲಾರವು. ಕಥೆ, ಸಂಭಾಷಣೆ, ಅಭಿನಯಗಳ ಚರ್ಚೆಗೆ ಅವು ಸಾಕು. ಬಣ್ಣ, ಬೆಳಕುಗಳ ಚರ್ಚೆಗೆ ಸಾಲವು. ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ (1977) 4ಕೆಯಲ್ಲಿ ಪುನಶ್ಚೇತನಗೊಂಡು 2024ರ ವೆನಿಸ್ ಚಿತ್ರೋತ್ಸವದಲ್ಲಿ ತೆರೆಕಂಡಿತು. ‘ಚೆಲುವಿ’ಗೂ ಅಂಥ ಆರೈಕೆ ಸಲ್ಲಬೇಕು. ಅಲ್ಲಿಯವರೆಗೆ, ಈ ಚಿತ್ರದ ಬಗ್ಗೆ ಬರೆಯುವವರು ತಾವು ನೋಡಿದ್ದು ಯಾವ ಪ್ರತಿ ಎಂಬುದನ್ನು ಮೊದಲ ಅಡಿಟಿಪ್ಪಣಿಯಲ್ಲೇ ನಮೂದಿಸಲಿ.