ಶರಣರ ಚರಿತ್ರೆಯನ್ನು ಶರಣರೇ ಬರೆದ ಬಗೆ

ಜಂಗಮವೆಂಬ ಪದಕ್ಕೆ ಚಲಿಸುವದೆಂದೇ ಮೂಲಾರ್ಥವು. ಹನ್ನೆರಡನೆಯ ಶತಮಾನದ ಶರಣಸಮೂಹವು ಈ ಅರ್ಥವನ್ನು ನಡೆದು ತೋರಿಸಿತು. ಬಳ್ಳಿಗಾವೆಯ ಅಲ್ಲಮಪ್ರಭುವು ಎಲ್ಲಿಯೂ ನೆಲೆಯೂರಲಿಲ್ಲ. ಉಡುತಡಿಯ ಅಕ್ಕಮಹಾದೇವಿಯು ಕಲ್ಯಾಣಕ್ಕೂ ಅಲ್ಲಿಂದ ಶ್ರೀಶೈಲಕ್ಕೂ ನಡೆದಳು. ಬಾಗೇವಾಡಿಯ ಬಸವಣ್ಣನವರು ಹುಟ್ಟಿದ ಊರನ್ನು ಬಿಟ್ಟೇ ಕೂಡಲಸಂಗಮಕ್ಕೆ ಹೋದವರು. ಜಾತಿಯ ಕಟ್ಟನ್ನೂ ಗುಡಿಯ ಹಂಗನ್ನೂ ಕಳಚಿದ ಈ ಜನರ ಮಾತುಗಳು ಎಂಟುನೂರು ವರ್ಷ ಉಳಿದುಬಂದ ಬಗೆಯು ವಿಚಾರಣೀಯವಾಗಿದೆ.

ಬಿಜ್ಜಳನ ಕೊಲೆಯ ತರುವಾಯ ಕಲ್ಯಾಣದ ಶರಣರು ಚದುರಿದರು. ಚೆನ್ನಬಸವಣ್ಣನವರು ಉಳವಿಯ ಅಡವಿಗೆ ಸರಿದರು. ನೀಲಾಂಬಿಕೆಯು ಮುದ್ದೇಬಿಹಾಳ ಸೀಮೆಯ ಕೃಷ್ಣಾತೀರದ ತಂಗಡಗಿಯಲ್ಲಿ ಐಕ್ಯಳಾದಳೆಂದು ಸಂಪ್ರದಾಯವು. ಹೋದವರ ಸಂಗಡ ವಚನಗಳೂ ಹೋದವು. ಯಾರ ವಚನವಾರದೆಂದು ಗುರುತಿಸಲು ಕೊನೆಯ ಅಂಕಿತವೊಂದೇ ಆಧಾರವಾಗಿದ್ದಿತು.

ಹದಿನೈದನೆಯ ಶತಮಾನದಲ್ಲಿ, ಪ್ರೌಢದೇವರಾಯನ ವಿಜಯನಗರದ ಆಸುಪಾಸಿನಲ್ಲಿ, ವಿರಕ್ತರು ಇವುಗಳನ್ನು ಕೂಡಿಸಲಾರಂಭಿಸಿದರು. ಶಿವಗಣಪ್ರಸಾದಿ ಮಹಾದೇವಯ್ಯಗಳು ಶರಣರು ಒಬ್ಬರನ್ನೊಬ್ಬರು ಪ್ರಶ್ನಿಸುವ ಸಂವಾದರೂಪದಲ್ಲಿ ವಚನಗಳನ್ನು ಜೋಡಿಸಿ ಶೂನ್ಯಸಂಪಾದನೆಯನ್ನು ರಚಿಸಿದರು. ಹೊರಗಿನವನು ಬರೆದಿದ್ದರೆ ಪವಾಡಗಳನ್ನೆಣಿಸಿ ಕೈಮುಗಿಯುತ್ತಿದ್ದನು. ಮಹಾದೇವಯ್ಯಗಳಾದರೋ ತಮ್ಮವರ ವಾಗ್ವಾದವನ್ನು ಮುಚ್ಚಲಿಲ್ಲ. ಅಲ್ಲಮನು ಅಕ್ಕನನ್ನು ತುಂಬಿದ ಸಭೆಯಲ್ಲಿ ಕಠೋರವಾಗಿ ಪರೀಕ್ಷಿಸಿದ್ದೂ, ಅಣ್ಣ ಅಜಗಣ್ಣನ ವಿಯೋಗದಲ್ಲಿದ್ದ ಮುಕ್ತಾಯಕ್ಕನು ಅಲ್ಲಮನನ್ನೇ ಎದುರಿಸಿ ಮಾತಾಡಿದ್ದೂ, ಸೊನ್ನಲಿಗೆಯಲ್ಲಿ ಕೆರೆ ಕಟ್ಟಿಸುತ್ತಿದ್ದ ಸಿದ್ಧರಾಮನು ಅವನ ಬಿರುನುಡಿಗೆ ಗುರಿಯಾದದ್ದೂ ಅಲ್ಲಿವೆ. ಮನೆಯವರಿಗೆ ಮಾತ್ರ ಮನೆಯ ಜಗಳದ ಸವಿ ತಿಳಿಯುವದಷ್ಟೆ!

ಆದರೆ ಒಳಗಿನವರ ಬರವಣಿಗೆಗೆ ಒಳಗಿನವರದೇ ದೋಷವೂ ಉಂಟು. ಮಹಾದೇವಯ್ಯಗಳ ಗ್ರಂಥದಲ್ಲಿ ಸಿದ್ಧರಾಮನಿಗೆ ಲಿಂಗದೀಕ್ಷೆಯಾದ ಪ್ರಸಂಗವಿಲ್ಲ; ತರುವಾಯದ ಗುಮ್ಮಳಾಪುರದ ಸಿದ್ಧಲಿಂಗಯತಿಗಳ ಸಂಪಾದನೆಯಲ್ಲಿ ಅದು ಸೇರಿತು. ಇಷ್ಟಲಿಂಗವಿಲ್ಲದೆ ಒಬ್ಬನು ಶರಣರ ಸಾಲಿನಲ್ಲಿ ನಿಂತಿದ್ದನೆಂಬುದು ಪಂಥವು ಬಲಿತ ಕಾಲಕ್ಕೆ ಸಹನೆಯಾಗದೆ ಹೋಗಿರಬೇಕು. ಇದು ಪೂಜ್ಯಭಾವದಿಂದಾದ ತಿದ್ದುಪಡಿಯು. ಆದರೂ ತಿದ್ದುಪಡಿಯೇ ಸರಿ. ಮೊದಲಿನ ಸಂಪಾದನೆಯ ಪ್ರತಿಗಳು ಉಳಿಯದೇ ಇದ್ದಿದ್ದರೆ ಈ ವ್ಯತ್ಯಾಸವು ಯಾರಿಗೂ ಗೊತ್ತಾಗುತ್ತಿರಲಿಲ್ಲ.

ಮುಂದೆ ಈ ಓಲೆಗರಿಗಳು ಮಠಗಳಲ್ಲಿಯೂ ಭಕ್ತರ ಮನೆಗಳಲ್ಲಿಯೂ ಅರಿವೆಯಲ್ಲಿ ಸುತ್ತಿ ಪೂಜೆಗೊಳ್ಳುತ್ತ ಕುಳಿತವು. ಪೂಜಿಸಿದವರು ಬಹಳ, ಬಿಚ್ಚಿ ಓದಿದವರು ವಿರಳ. ವಿಜಾಪುರದಲ್ಲಿ ವಕೀಲರಾಗಿದ್ದ ಫ. ಗು. ಹಳಕಟ್ಟಿಯವರು ಅವುಗಳನ್ನು ಅರಸಿ ಊರೂರು ತಿರುಗಿದರು. 1923ರಲ್ಲಿ ವಚನಶಾಸ್ತ್ರಸಾರದ ಮೊದಲ ಭಾಗವನ್ನು ಅಚ್ಚುಮಾಡಿಸಿದರು. 1925ರಲ್ಲಿ ಹಿತಚಿಂತಕ ಮುದ್ರಣಾಲಯವನ್ನೂ 1926ರಲ್ಲಿ ಶಿವಾನುಭವ ಪತ್ರಿಕೆಯನ್ನೂ ಆರಂಭಿಸಿದರು. ಹೀಗೆ ತಿರುಗುವವರ ಮಾತಿಗಾಗಿ ಮತ್ತೊಬ್ಬನು ತಿರುಗಬೇಕಾಯಿತು. ಆ ಕಾಲಕ್ಕೇ ಇಂಡಿ ತಾಲೂಕಿನ ಹಲಸಂಗಿಯಲ್ಲಿ ಮಧುರಚೆನ್ನರೂ ಅವರ ಗೆಳೆಯರೂ ತಮ್ಮ ನೆರೆಯ ಹೆಣ್ಣುಮಕ್ಕಳು ಬೀಸುವ ಕಲ್ಲಿನ ಮುಂದೆ ಹಾಡಿದ ಹಾಡುಗಳನ್ನು ಬರೆದುಕೊಳ್ಳುತ್ತಿದ್ದರು. ‘ಗರತಿಯ ಹಾಡು’ 1931ರಲ್ಲಿ ಹೊರಬಂದಿತು.

ಓಲೆಗರಿಗಳ ಪಾಠಪಾಠಾಂತರಗಳನ್ನು ಹೋಲಿಸಿ, ಯಾವುದು ಮೊದಲಿನದು, ಯಾವುದು ಸೇರಿದ್ದೆಂದು ಶೋಧಿಸುವ ಕೆಲಸಕ್ಕೆ ಬಾಳನ್ನೇ ಸವೆಸಿದವರಲ್ಲಿ ಎಂ. ಎಂ. ಕಲಬುರ್ಗಿಯವರು ಅಗ್ರಗಣ್ಯರು. 1938ರಲ್ಲಿ ಸಿಂದಗಿ ತಾಲೂಕಿನ ಗುಬ್ಬೇವಾಡದಲ್ಲಿ ಜನಿಸಿದವರು. ಇವರ ಪ್ರಧಾನ ಸಂಪಾದಕತ್ವದಲ್ಲಿ ಸಮಗ್ರ ವಚನ ಸಂಪುಟಗಳು ಹದಿನೈದಾಗಿ 1993ರಲ್ಲಿ ಪ್ರಕಟವಾದವು. ಅವರ ಶೋಧಗಳು ಸ್ವಸಮಾಜದವರನ್ನೂ ಕೆರಳಿಸಿದ್ದುಂಟು. 2015ರ ಆಗಸ್ಟ್ 30ರ ಮುಂಜಾನೆ ಧಾರವಾಡದ ಅವರ ಮನೆಯ ಬಾಗಿಲಲ್ಲೇ ಅವರನ್ನು ಗುಂಡಿಕ್ಕಿ ಕೊಲ್ಲಲಾಯಿತು.